ಫಾರ್ಮ್ಯಾಟ್ ಒತ್ತುವ ಮೊದಲು ಡ್ರೈವರ್ ನೋಡಿ

ಸಂಪಾದಕರಿಗೆ ನಮಸ್ಕಾರ.

ನಿಮ್ಮ ಪತ್ರಿಕೆಯ ತಂತ್ರಜ್ಞಾನ ಪುಟದಲ್ಲಿ ಬಂದ ಒಂದು ಪ್ರಶ್ನೋತ್ತರ ಓದಿ ಈ ಪತ್ರ ಬರೆಯುತ್ತಿದ್ದೇನೆ. ಲ್ಯಾಪ್‌ಟಾಪಿಗೆ ಹೊಸದಾಗಿ ವಿಂಡೋಸ್ ಹಾಕಿಸಿದ ಮೇಲೆ ಕ್ಯಾಮೆರಾದ ಮೆಮೊರಿ ಕಾರ್ಡ್ ಹಾಕಿದರೆ ಏನೂ ಕಾಣುತ್ತಿಲ್ಲ, ಏನು ಮಾಡಲಿ ಅಂತ ಓದುಗರೊಬ್ಬರು ಕೇಳಿದ್ದರು. ಅವರಿಗೆ ಸಿಕ್ಕ ಉತ್ತರ ಎರಡೇ ಸಾಲು. ಕಾರ್ಡ್ ಕರಪ್ಟ್ ಆಗಿರಬಹುದು, ಫಾರ್ಮ್ಯಾಟ್ ಮಾಡಿ ನೋಡಿ, ಆಗಲೂ ಬರದಿದ್ದರೆ ಹೊಸ ಕಾರ್ಡ್ ಕೊಳ್ಳಿ.

ಉತ್ತರ ಬರೆದವರು ಒಳ್ಳೆಯ ಮನಸ್ಸಿನಿಂದಲೇ ಬರೆದಿರುತ್ತಾರೆ. ಆದರೆ ಆ ಉತ್ತರ ತಪ್ಪು, ಮತ್ತು ಅದನ್ನು ನಂಬಿ ಯಾರಾದರೂ ಹಾಗೇ ಮಾಡಿದರೆ ಕಾರ್ಡ್ ಖಾಲಿಯಾಗಿ ಅದರಲ್ಲಿರುವ ಫೋಟೊಗಳಿಗೆ ಕಂಟಕ. ಅವರ ಪ್ರಶ್ನೆಯನ್ನೇ ಇನ್ನೊಂದು ಸಲ ಓದಿ. 'ಹೊಸದಾಗಿ ವಿಂಡೋಸ್ ಹಾಕಿಸಿದ ಮೇಲೆ' ಅಂತ ಅವರೇ ಹೇಳಿದ್ದಾರೆ. ಹಿಂದಿನ ವಾರದವರೆಗೆ ಸರಿಯಾಗಿ ಓದುತ್ತಿದ್ದ ಕಾರ್ಡು ವಿಂಡೋಸ್ ಬದಲಾದ ದಿನವೇ ಹಾಳಾಗುತ್ತಾ? ಬದಲಾಗಿದ್ದು ಲ್ಯಾಪ್‌ಟಾಪಿನ ಒಳಗೆ ಅಲ್ವಾ? ಮೊದಲು ಅಲ್ಲಿ ನೋಡಬೇಕು.

ಇಷ್ಟು ಒತ್ತಿ ಹೇಳಲು ಕಾರಣ ಇದೆ. ಇದೇ ತೊಂದರೆ ನನಗೂ ಬಂದಿತ್ತು, ಮತ್ತು ಇನ್ನೊಂದು ಕ್ಷಣ ತಡವಾಗಿದ್ದರೆ ಬೇರೆಯವರ ಮನೆಯ ಮದುವೆಯ ಫೋಟೊ ಅಷ್ಟೂ ಹೋಗುತ್ತಿತ್ತು.

ನಾನು ಸಾಗರದಲ್ಲಿ ಸಣ್ಣ ಫೋಟೊ ಸ್ಟುಡಿಯೊ ಇಟ್ಟುಕೊಂಡಿದ್ದೇನೆ. ಮದುವೆ, ಉಪನಯನ, ಗೃಹಪ್ರವೇಶ, ಪಾಸ್‌ಪೋರ್ಟ್ ಫೋಟೊ, ಇದೇ ನನ್ನ ಕೆಲಸ. ಕಳೆದ ಮೇ ತಿಂಗಳಲ್ಲಿ ಆನಂದಪುರದ ಹತ್ತಿರದ ಹಳ್ಳಿಯೊಂದರಲ್ಲಿ ಮದುವೆ ಇತ್ತು. ನನ್ನ ಕ್ಯಾಮೆರಾದಲ್ಲಿ ಕಾರ್ಡ್ ಹಾಕಲು ಒಂದೇ ಜಾಗ. ಬೆಳಗಿನ ಶಾಸ್ತ್ರದಿಂದ ಸಂಜೆ ಹುಡುಗಿಯನ್ನು ಕಳಿಸಿಕೊಡುವವರೆಗೆ ಎಲ್ಲವೂ ಒಂದೇ 64 ಜಿಬಿ ಕಾರ್ಡಿನಲ್ಲಿ, ಸಾವಿರದ ಮೇಲೆ ಫೋಟೊ. ರಾತ್ರಿ ಸ್ಟುಡಿಯೊಗೆ ಬಂದು ಲ್ಯಾಪ್‌ಟಾಪಿಗೆ ಕಾಪಿ ಮಾಡೋಣ ಅಂತ ಕಾರ್ಡ್ ಹಾಕಿದೆ. ಏನೂ ಆಗಲಿಲ್ಲ. ತೆಗೆದು ಮತ್ತೆ ಹಾಕಿದೆ. ಸದ್ದಿಲ್ಲ, ದಿಸ್ ಪಿಸಿಯಲ್ಲಿ ಹೊಸ ಡ್ರೈವ್ ಇಲ್ಲ, ಎರರ್ ಕೂಡ ಇಲ್ಲ. ಲ್ಯಾಪ್‌ಟಾಪಿಗೆ ನಾನು ಕಾರ್ಡ್ ಹಾಕಿದ್ದೇ ಗೊತ್ತಾಗಿಲ್ಲ ಅನ್ನುವ ಹಾಗಿತ್ತು.

ಅದಕ್ಕೆ ಒಂದು ವಾರ ಮೊದಲು ಲ್ಯಾಪ್‌ಟಾಪ್ ತುಂಬಾ ನಿಧಾನ ಆಗಿದೆ ಅಂತ ಒಂದು ಕಂಪ್ಯೂಟರ್ ಅಂಗಡಿಯಲ್ಲಿ ಎಲ್ಲ ಅಳಿಸಿ ಹೊಸದಾಗಿ ವಿಂಡೋಸ್ ಹಾಕಿಸಿದ್ದೆ. ಎರಡಕ್ಕೂ ಸಂಬಂಧ ಇರಬಹುದು ಅಂತ ಆಗ ನನಗೆ ಹೊಳೆಯಲಿಲ್ಲ.

ಕಾರ್ಡನ್ನು ಕ್ಯಾಮೆರಾಕ್ಕೆ ಹಾಕಿ ನೋಡಿದೆ. ಎಲ್ಲ ಇತ್ತು. ಧಾರೆಯ ಹೊತ್ತಿನ ಒಂದು ಫೋಟೊ ಈಗಲೂ ಕಣ್ಣ ಮುಂದಿದೆ. ತಾಮ್ರದ ಗಿಂಡಿಯಿಂದ ನೀರು ಎಳೆಯಾಗಿ ಬೀಳುತ್ತಿದೆ, ಹುಡುಗಿಯ ಅಪ್ಪನ ಕೈ ಸ್ವಲ್ಪ ಅಲುಗಾಡಿದೆ, ಹಿಂದೆ ಕುರ್ಚಿಯಲ್ಲಿ ಕೂತ ಅಜ್ಜಿ ಸೆರಗಿನ ತುದಿ ಬಾಯಿಗೆ ಹಿಡಿದಿದ್ದಾರೆ. ಕ್ಯಾಮೆರಾದ ಆ ಮೂರು ಇಂಚಿನ ಪರದೆಯಲ್ಲಿ ಅದನ್ನು ದೊಡ್ಡದು ಮಾಡಿ ನೋಡಿದೆ. ಕ್ಯಾಮೆರಾದ ಕೇಬಲ್ ಹಾಕುವ ಜಾಗ ಹಿಂದಿನ ವರ್ಷವೇ ಸಡಿಲ ಆಗಿತ್ತು, ಹಾಗಾಗಿ ಕೇಬಲ್ ಹಾಕಿ ತೆಗೆಯುವ ದಾರಿ ಇರಲಿಲ್ಲ. ಸ್ಟುಡಿಯೊದಲ್ಲಿದ್ದ ಯುಎಸ್‌ಬಿ ಕಾರ್ಡ್ ರೀಡರ್ ಮಳೆಗಾಲದ ತೇವಕ್ಕೆ ಪಿನ್ನು ತುಕ್ಕು ಹಿಡಿದು ಹೋಗಿತ್ತು. ನಮ್ಮ ಮಲೆನಾಡಿನಲ್ಲಿ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಲೆನ್ಸಿಗೇ ಬೂಷ್ಟು ಬರುತ್ತದೆ, ರೀಡರ್ ಎಷ್ಟರದ್ದು.

ಮರುದಿನ ಬೆಳಿಗ್ಗೆ ಅದೇ ಅಂಗಡಿಗೆ ಹೋದೆ. ಅವರು ಕಾರ್ಡ್ ತಿರುಗಿಸಿ ನೋಡಿ 'ಕಾರ್ಡ್ ಕರಪ್ಟ್ ಆಗಿದೆ' ಅಂದರು. ಕ್ಯಾಮೆರಾದಲ್ಲಿ ಕಾಣುತ್ತಲ್ಲ ಅಂದೆ. 'ಕ್ಯಾಮೆರಾ ತನ್ನ ಮೆಮೊರಿಯಿಂದ ತೋರಿಸುತ್ತೆ, ಕಾರ್ಡಿಂದ ಅಲ್ಲ' ಅಂದರು. ಇದು ಸರಿಯಲ್ಲ. ನನ್ನ ಕ್ಯಾಮೆರಾದಂಥದ್ದರಲ್ಲಿ ಸಾವಿರ ಫೋಟೊ ಇಟ್ಟುಕೊಳ್ಳುವ ಜಾಗ ಒಳಗೆ ಇಲ್ಲವೇ ಇಲ್ಲ. ಕಾರ್ಡ್ ತೆಗೆದರೆ ಪರದೆಯ ಮೇಲೆ ಕಾರ್ಡ್ ಇಲ್ಲ ಅಂತಲೇ ಬರುತ್ತದೆ. ಕ್ಯಾಮೆರಾ ಕಾರ್ಡನ್ನು ಓದಿ ದೊಡ್ಡದು ಮಾಡಿ ತೋರಿಸುತ್ತಿದೆ ಅಂದರೆ ಕಾರ್ಡ್ ಚೆನ್ನಾಗಿದೆ ಅಂತಲೇ ಅರ್ಥ. ಓದುಗರು ಇದನ್ನು ಮೊದಲ ಪರೀಕ್ಷೆ ಅಂತ ಇಟ್ಟುಕೊಳ್ಳಬಹುದು. ಎರಡು ನಿಮಿಷದ ಕೆಲಸ, ಖರ್ಚಿಲ್ಲ.

ಆಮೇಲೆ ನಡೆದದ್ದು ಇನ್ನೂ ಗಾಬರಿಯ ವಿಷಯ. ಅಂಗಡಿಯವರು ಆ ಕಾರ್ಡನ್ನು ತಮ್ಮ ಮುಂದಿದ್ದ ಹಳೆಯ ಕಂಪ್ಯೂಟರಿಗೆ ಹಾಕಿದರು. ಜೆರಾಕ್ಸು, ಪ್ರಿಂಟು ಕೊಡಲು ಇಟ್ಟುಕೊಂಡಿದ್ದ ವಿಂಡೋಸ್ ಎಕ್ಸ್‌ಪಿ ಕಂಪ್ಯೂಟರ್ ಅದು. ಕಾರ್ಡ್ ಹಾಕಿದ ಕೂಡಲೇ ಪರದೆಯ ಮೇಲೆ ಇಂಗ್ಲಿಷಿನಲ್ಲಿ ಒಂದು ಡಬ್ಬಿ ಬಂತು: ಈ ಡಿಸ್ಕ್ ಫಾರ್ಮ್ಯಾಟ್ ಆಗಿಲ್ಲ, ಈಗ ಫಾರ್ಮ್ಯಾಟ್ ಮಾಡಬೇಕಾ, ಯೆಸ್, ನೋ. 'ನೋಡಿ, ನಾನು ಹೇಳಲಿಲ್ವಾ' ಅನ್ನುತ್ತಾ ಅವರು ಮೌಸನ್ನು ಯೆಸ್ ಮೇಲೆ ತಂದರು. ನಾನು ಅವರ ಕೈ ಹಿಡಿದೆ. ಬೇಡ, ತೆಗೆದು ಕೊಡಿ ಅಂದೆ. ಅವರಿಗೆ ಬೇಜಾರಾಯಿತು. ಆಗಲಿ ಅಂತ ಕಾರ್ಡ್ ಜೇಬಿಗೆ ಹಾಕಿಕೊಂಡು ಬಂದೆ.

ಆ ಡಬ್ಬಿ ಯಾಕೆ ಬಂತು ಅಂತ ಆಮೇಲೆ ತಿಳಿದುಕೊಂಡೆ. ಎಸ್‌ಡಿ ಕಾರ್ಡುಗಳಲ್ಲಿ ಪೀಳಿಗೆಗಳಿವೆ. ಮೊದಲು ಬಂದದ್ದು ಬರೀ ಎಸ್‌ಡಿ, 2 ಜಿಬಿವರೆಗೆ. 2006ರಲ್ಲಿ ಎಸ್‌ಡಿಎಚ್‌ಸಿ ಬಂತು, 32 ಜಿಬಿವರೆಗೆ. 2009ರಲ್ಲಿ ಎಸ್‌ಡಿಎಕ್ಸ್‌ಸಿ ಬಂತು, 2 ಟಿಬಿವರೆಗೆ. 64 ಜಿಬಿ ಕಾರ್ಡು ಈ ಮೂರನೆಯ ಜಾತಿಯದು. ಇದರಲ್ಲಿ ಫೈಲುಗಳನ್ನು ಜೋಡಿಸುವ ಪದ್ಧತಿಯೇ ಬೇರೆ, ಅದಕ್ಕೆ ಎಕ್ಸ್‌ಫ್ಯಾಟ್ ಅನ್ನುತ್ತಾರೆ. ವಿಂಡೋಸ್ ಎಕ್ಸ್‌ಪಿಗೆ ಈ ಪದ್ಧತಿ ಹುಟ್ಟಿನಿಂದ ಗೊತ್ತಿಲ್ಲ. 2009ರಲ್ಲಿ ಮೈಕ್ರೋಸಾಫ್ಟ್ ಅದಕ್ಕೊಂದು ಅಪ್‌ಡೇಟ್ ಕೊಟ್ಟಿತ್ತು, ಅದನ್ನು ಹಾಕಿಕೊಳ್ಳದ ಎಕ್ಸ್‌ಪಿಗೆ 64 ಜಿಬಿ ಕಾರ್ಡ್ ಕೊಟ್ಟರೆ ಅದಕ್ಕೆ ಅಕ್ಷರ ಓದಲು ಬರುವುದಿಲ್ಲ. ಓದಲು ಬರದ ಪುಸ್ತಕವನ್ನು ಖಾಲಿ ಪುಸ್ತಕ ಅಂದುಕೊಳ್ಳುತ್ತದೆ. ಅದಕ್ಕೇ ಫಾರ್ಮ್ಯಾಟ್ ಮಾಡಲಾ ಅಂತ ಕೇಳುತ್ತದೆ.

ಹೀಗೆ ಎರಡು ಕಂಪ್ಯೂಟರಿನಲ್ಲಿ ಎರಡು ಬೇರೆ ಬೇರೆ ತೊಂದರೆ. ನನ್ನ ಲ್ಯಾಪ್‌ಟಾಪಿಗೆ ತನ್ನ ಒಳಗೇ ಇರುವ ಕಾರ್ಡ್ ರೀಡರೇ ಕಾಣುತ್ತಿರಲಿಲ್ಲ. ಆ ಹಳೆಯ ಕಂಪ್ಯೂಟರಿಗೆ ರೀಡರ್ ಕಾಣುತ್ತಿತ್ತು, ಕಾರ್ಡಿನ ಬರಹ ಓದಲು ಬರುತ್ತಿರಲಿಲ್ಲ. ಎರಡು ಕಡೆಯೂ ಕಾರ್ಡಿನದು ತಪ್ಪಿಲ್ಲ. ಆದರೆ ಎರಡು ಕಡೆ ಬರಲಿಲ್ಲ ಅಂದ ಮೇಲೆ ಕಾರ್ಡೇ ಹೋಗಿದೆ ಅಂತ ಯಾರಿಗಾದರೂ ಅನ್ನಿಸುತ್ತದೆ. ಎಷ್ಟೋ ಜನ ಯೆಸ್ ಒತ್ತುವುದು ಇಲ್ಲೇ.

ಇನ್ನೊಂದು ಅಂಗಡಿಗೂ ಹೋದೆ. ಅಲ್ಲಿ ಕಾರ್ಡಿಗೆ ಕೈ ಹಾಕಲಿಲ್ಲ, ಅದು ಒಳ್ಳೆಯದಾಯಿತು. ಆದರೆ 'ರೀಡರ್ ಸುಟ್ಟಿದೆ, ಅದು ಮದರ್‌ಬೋರ್ಡಿಗೇ ಕೂತಿರುತ್ತೆ, 4,500 ರೂಪಾಯಿ ಆಗುತ್ತೆ' ಅಂದರು. ಲ್ಯಾಪ್‌ಟಾಪ್ ಆನ್ ಮಾಡಿ ಕೂಡ ನೋಡಿರಲಿಲ್ಲ.

ಅಷ್ಟರಲ್ಲಿ ಹುಡುಗಿಯ ಅಪ್ಪನ ಫೋನು. 'ಅಣ್ಣಾ, ಫೋಟೊ ಎಲ್ಲ ಚೆನ್ನಾಗಿ ಬಂದಿದ್ಯಾ?' ಚೆನ್ನಾಗಿ ಬಂದಿದೆ, ಸ್ವಲ್ಪ ಟೈಮ್ ಕೊಡಿ ಅಂದೆ. ಬಂದಿದ್ದು ನಿಜ. ಹೊರಗೆ ತೆಗೆಯುವುದು ಹೇಗೆ ಅನ್ನುವುದೇ ಗೊತ್ತಿರಲಿಲ್ಲ. ಅವತ್ತು ಮಧ್ಯಾಹ್ನ ಊಟ ಸೇರಲಿಲ್ಲ.

ಸಂಜೆ ಅಕ್ಕನ ಮಗಳಿಗೆ ಫೋನ್ ಮಾಡಿದೆ. ಶಿವಮೊಗ್ಗದಲ್ಲಿ ಬಿಸಿಎ ಓದುತ್ತಿದ್ದಾಳೆ. ನಾನು ಹೇಳಿದ್ದು ಪೂರ್ತಿ ಕೇಳಿ ಅವಳು ಮೊದಲು ಹೇಳಿದ್ದು ಒಂದೇ ಮಾತು. 'ಮಾವ, ಫಾರ್ಮ್ಯಾಟ್ ಮಾತ್ರ ಒತ್ಬೇಡಿ.' ಆಮೇಲೆ ಕೇಳಿದಳು, 'ವಿಂಡೋಸ್ ಹಾಕಿಸಿದ ಮೇಲೆ ಒಂದು ಸಲವಾದ್ರೂ ಕಾರ್ಡ್ ಹಾಕಿದ್ರಾ?' ಇಲ್ಲ. 'ಹಂಗಾದ್ರೆ ಡ್ರೈವರ್ ಇಲ್ಲ, ಅಷ್ಟೇ. ಲ್ಯಾಪ್‌ಟಾಪ್ ತೆಗೀರಿ.'

ಡ್ರೈವರ್ ಅಂದರೆ ಏನು ಅಂತ ಗೊತ್ತಿಲ್ಲದವರಿಗೆ ನನಗೆ ತಿಳಿದ ಹಾಗೆ ಹೇಳುತ್ತೇನೆ. ಕಾರ್ಡ್ ರೀಡರಿನ ಚಿಪ್ಪು ಒಂದು ಭಾಷೆ ಆಡುತ್ತದೆ, ವಿಂಡೋಸ್ ಇನ್ನೊಂದು. ನಡುವೆ ಒಬ್ಬ ದುಭಾಷಿ ಬೇಕು. ಆ ದುಭಾಷಿ ಕೆಲಸ ಮಾಡುವ ಸಣ್ಣ ಪ್ರೋಗ್ರಾಂ ಡ್ರೈವರ್. ಲ್ಯಾಪ್‌ಟಾಪ್ ಕೊಂಡಾಗ ಕಂಪನಿಯವರೇ ಅದನ್ನು ಹಾಕಿ ಕಳಿಸಿರುತ್ತಾರೆ. ಎಲ್ಲ ಅಳಿಸಿ ಹೊಸ ವಿಂಡೋಸ್ ಹಾಕಿದಾಗ ದುಭಾಷಿಯೂ ಹೋಗುತ್ತಾನೆ. ಕೀಬೋರ್ಡು, ಮೌಸು, ಪರದೆಗೆ ಬೇಕಾದ ಸಾಮಾನ್ಯ ಡ್ರೈವರುಗಳು ವಿಂಡೋಸಿನಲ್ಲೇ ಇರುತ್ತವೆ, ಹಾಗಾಗಿ ಎಲ್ಲ ಸರಿಯಾಗಿದೆ ಅನ್ನಿಸುತ್ತದೆ. ಕಾರ್ಡ್ ರೀಡರ್ ಮಾತ್ರ ಮೂಲೆಯಲ್ಲಿ ಮಾತು ಬರದೆ ಕೂತಿರುತ್ತದೆ. ಸಾಮಾನ್ಯವಾಗಿ ಇಂಟರ್‌ನೆಟ್ ಸಿಕ್ಕಿದ ಮೇಲೆ ವಿಂಡೋಸ್ ತಾನೇ ಹುಡುಕಿ ಹಾಕಿಕೊಳ್ಳುತ್ತದೆ. ನಾನು ಡಾಟಾ ಉಳಿಯಲಿ ಅಂತ ಮೊಬೈಲ್ ಹಾಟ್‌ಸ್ಪಾಟನ್ನು ಮೀಟರ್ಡ್ (ಡಾಟಾಕ್ಕೆ ಮಿತಿ ಇದೆ) ಅಂತ ಗುರುತು ಮಾಡಿಟ್ಟಿದ್ದೆ. ಹಾಗೆ ಮಾಡಿದರೆ ವಿಂಡೋಸ್ ಡ್ರೈವರ್ ಇಳಿಸಿಕೊಳ್ಳುವುದನ್ನು ತಡೆದು ಹಿಡಿಯುತ್ತದೆ. ಹಳ್ಳಿ ಕಡೆ ಹಾಟ್‌ಸ್ಪಾಟಿನಲ್ಲೇ ಕೆಲಸ ಮಾಡುವ ನಮ್ಮಂಥವರು ಇದನ್ನು ಗಮನಿಸಬೇಕು.

ಅವಳು ಫೋನಿನಲ್ಲೇ ಒಂದೊಂದಾಗಿ ಹೇಳಿದಳು. ಸ್ಟಾರ್ಟ್ ಬಟನ್ ಮೇಲೆ ಮೌಸಿನ ಬಲಗಡೆ ಒತ್ತಿ. ಡಿವೈಸ್ ಮ್ಯಾನೇಜರ್ ತೆಗೆಯಿರಿ. ಉದ್ದಕ್ಕೆ ಪಟ್ಟಿ ಬರುತ್ತೆ, ಹಳದಿ ಗುರುತು ಎಲ್ಲಿದೆ ನೋಡಿ. ನೋಡಿದೆ. 'ಅದರ್ ಡಿವೈಸಸ್' ಅನ್ನುವುದರ ಕೆಳಗೆ 'ಪಿಸಿಐ ಡಿವೈಸ್' ಅಂತ ಒಂದು ಸಾಲು, ಅದರ ಪಕ್ಕ ಹಳದಿ ತ್ರಿಕೋನ, ಒಳಗೆ ಆಶ್ಚರ್ಯಚಿಹ್ನೆ. ಸಾಸಿವೆ ಕಾಳಿನಷ್ಟು ದೊಡ್ಡದು. ಎರಡು ಅಂಗಡಿ ತಿರುಗಿ, ಒಂದು ರಾತ್ರಿ ನಿದ್ದೆ ಕೆಟ್ಟು ಹುಡುಕಿದ್ದು ಅದೇ. ಅದರ ಮೇಲೆ ಎರಡು ಸಲ ಒತ್ತಿದರೆ ಕಾರಣವನ್ನೂ ಅಲ್ಲೇ ಬರೆದಿತ್ತು: ಈ ಸಾಧನಕ್ಕೆ ಡ್ರೈವರ್ ಹಾಕಿಲ್ಲ, ಕೋಡ್ 28.

ಈ ಕೋಡ್ ಸಂಖ್ಯೆಗಳು ಉಪಯೋಗದ್ದು. 28 ಬಂದರೆ ಡ್ರೈವರ್ ಇಲ್ಲ. 22 ಬಂದರೆ ಯಾರೋ ಅದನ್ನು ಆಫ್ ಮಾಡಿದ್ದಾರೆ, ಅಲ್ಲೇ ಎನೇಬಲ್ ಒತ್ತಿದರೆ ಸಾಕು. 10 ಬಂದರೆ ಸಾಧನ ಶುರುವಾಗುತ್ತಿಲ್ಲ, ಎಷ್ಟೋ ಸಲ ಡ್ರೈವರ್ ಹೊಂದುತ್ತಿಲ್ಲ ಅಂತ ಅರ್ಥ. 43 ಬಂದರೆ ಸಾಧನವೇ ತೊಂದರೆ ಹೇಳಿಕೊಂಡಿದೆ, ಆಗ ಮಾತ್ರ ರೀಡರ್ ಹಾಳಾಗಿರಬಹುದು ಅಂತ ಸ್ವಲ್ಪ ಯೋಚಿಸಬೇಕು, ಅದೂ ಒಂದು ಸಲ ಪೂರ್ತಿ ಶಟ್‌ಡೌನ್ ಮಾಡಿ ನೋಡಿದ ಮೇಲೆ. ಪಟ್ಟಿಯಲ್ಲಿ ಏನೂ ಕಾಣದೇ ಇದ್ದರೆ ಬಯೋಸಿನಲ್ಲಿ, ಅಂದರೆ ವಿಂಡೋಸ್ ಶುರುವಾಗುವ ಮೊದಲು ತೆರೆಯುವ ಸೆಟ್ಟಿಂಗಿನಲ್ಲಿ, ಕಾರ್ಡ್ ರೀಡರನ್ನು ಆಫ್ ಮಾಡಿರುವುದೂ ಉಂಟು, ಕೆಲವು ಲ್ಯಾಪ್‌ಟಾಪಿನಲ್ಲಿ ಆ ಸೌಲಭ್ಯ ಇದೆ.

ಮುಂದಿನ ಹೆಜ್ಜೆ ನನಗೆ ತುಂಬಾ ಇಷ್ಟವಾಯಿತು. ಅದೇ ಕಿಟಕಿಯಲ್ಲಿ 'ಡೀಟೇಲ್ಸ್' ಅಂತ ಒಂದು ಭಾಗ ಇದೆ, ಅದರಲ್ಲಿ 'ಹಾರ್ಡ್‌ವೇರ್ ಐಡಿಸ್' ಆರಿಸಿದರೆ ಇಂಗ್ಲಿಷ್ ಅಕ್ಷರ, ಅಂಕಿ ಬೆರೆತ ಉದ್ದನೆಯ ಸಾಲು ಬರುತ್ತದೆ. ಅದರಲ್ಲಿ ವಿಇಎನ್ ಅಂತ ಇರುವುದರ ಮುಂದೆ ಚಿಪ್ ಮಾಡಿದ ಕಂಪನಿಯ ಸಂಖ್ಯೆ, ಡಿಇವಿ ಅಂತ ಇರುವುದರ ಮುಂದೆ ಆ ಚಿಪ್ಪಿನ ಸಂಖ್ಯೆ. ನನ್ನದರಲ್ಲಿ 10ಇಸಿ, 5229 ಅಂತ ಇತ್ತು. 10ಇಸಿ ಅಂದರೆ ರಿಯಲ್‌ಟೆಕ್. 1217 ಇದ್ದರೆ ಓ2ಮೈಕ್ರೊ, 1180 ಇದ್ದರೆ ರಿಕೊ, 197ಬಿ ಇದ್ದರೆ ಜೆಮೈಕ್ರಾನ್. ಗಾಡಿಯ ನಂಬರ್ ಪ್ಲೇಟಿನಲ್ಲಿ ಕೆಎ 15 ನೋಡಿದರೆ ಸಾಗರದ್ದು ಅಂತ ಹೇಳಿಬಿಡುತ್ತೇವಲ್ಲ, ಹಾಗೆ. ಹೆಸರೇ ಇಲ್ಲದ 'ಪಿಸಿಐ ಡಿವೈಸ್' ಏನು ಅಂತ ಊಹೆ ಮಾಡುವ ಅಗತ್ಯವೇ ಇಲ್ಲ, ಅದೇ ತನ್ನ ಗುರುತು ಹೇಳುತ್ತದೆ.

ಆಮೇಲೆ ಲ್ಯಾಪ್‌ಟಾಪ್ ಬೋರಲು ಹಾಕಿ ಕೆಳಗಿನ ಚೀಟಿಯಲ್ಲಿದ್ದ ಮಾಡೆಲ್ ನಂಬರ್ ಬರೆದುಕೊಂಡೆ, ಅಕ್ಷರ ಸವೆದಿತ್ತು, ಟಾರ್ಚ್ ಹಿಡಿದು ಓದಬೇಕಾಯಿತು. ಲ್ಯಾಪ್‌ಟಾಪ್ ಕಂಪನಿಯ ಸ್ವಂತ ಜಾಲತಾಣದಲ್ಲಿ ಸಪೋರ್ಟ್ ಪುಟಕ್ಕೆ ಹೋಗಿ ಆ ಮಾಡೆಲ್ ಹಾಕಿದರೆ ಡ್ರೈವರುಗಳ ಪಟ್ಟಿ ಬಂತು. ಕಾರ್ಡ್ ರೀಡರಿನದು ಎಷ್ಟೋ ಸಲ ಸ್ಟೋರೇಜ್ ಅಥವಾ ಚಿಪ್‌ಸೆಟ್ ಅನ್ನುವ ಗುಂಪಿನ ಒಳಗೆ ಅಡಗಿರುತ್ತದೆ. ಇಳಿಸಿಕೊಂಡೆ, ಹಾಕಿದೆ, ಲ್ಯಾಪ್‌ಟಾಪ್ ಆಫ್ ಮಾಡಿ ಆನ್ ಮಾಡಿದೆ. ಹಳದಿ ಗುರುತು ಇರಲಿಲ್ಲ. 'ಈಗ ಕಾರ್ಡ್ ಹಾಕಿ ಮಾವ' ಅಂದಳು. ಹಾಕಿದೆ. ಡಿ ಡ್ರೈವಿನ ಪಕ್ಕ ಇ ಡ್ರೈವ್ ಬಂತು. ಒಂದೊಂದೇ ಸಣ್ಣ ಚಿತ್ರ ತೆರೆದುಕೊಳ್ಳುತ್ತಾ ಹೋಯಿತು, ಬಾಳೆಕಂಬ, ಚಪ್ಪರ, ಅಡುಗೆಯವರ ಹೊಗೆ, ಮಕ್ಕಳು, ಗಿಂಡಿ, ಅಜ್ಜಿ. ಫೋನು ಕಿವಿಗೆ ಹಿಡಿದೇ ಇದ್ದೆ, ಮಾತು ಬರಲಿಲ್ಲ. ಅವಳೇ 'ಬಂತಾ?' ಅಂದಳು.

ಒಟ್ಟು ಹಿಡಿದದ್ದು ನಲವತ್ತು ನಿಮಿಷ. ಖರ್ಚು ಏನೂ ಇಲ್ಲ.

ಎಲ್ಲರಿಗೂ ಇಷ್ಟು ಸುಲಭಕ್ಕೆ ಆಗುತ್ತದೆ ಅಂತ ಹೇಳುವುದಿಲ್ಲ. ನಮ್ಮ ಕೆಲಸದವರ ಜೊತೆ ಮಾತಾಡಿದ ಮೇಲೆ ಬೇರೆ ಬೇರೆ ಕಥೆ ಗೊತ್ತಾಯಿತು. ಒಬ್ಬರ ಲ್ಯಾಪ್‌ಟಾಪಿನಲ್ಲಿ ಬೆಳಿಗ್ಗೆ ಕಾರ್ಡ್ ಓದುತ್ತದೆ, ಮುಚ್ಚಿಟ್ಟು ಮಧ್ಯಾಹ್ನ ತೆಗೆದರೆ ಓದುವುದಿಲ್ಲ. ಅದು ಕರೆಂಟ್ ಉಳಿಸುವ ಸೆಟ್ಟಿಂಗಿನ ತೊಂದರೆ. ಡಿವೈಸ್ ಮ್ಯಾನೇಜರಿನಲ್ಲಿ ಆ ರೀಡರನ್ನು ತೆರೆದು ಪವರ್ ಮ್ಯಾನೇಜ್‌ಮೆಂಟ್ ಅನ್ನುವ ಕಡೆ, ಕರೆಂಟ್ ಉಳಿಸಲು ಈ ಸಾಧನವನ್ನು ಆಫ್ ಮಾಡಬಹುದು ಅನ್ನುವ ಸಾಲಿನ ಟಿಕ್ ತೆಗೆದ ಮೇಲೆ ಸರಿಹೋಯಿತು. ಇನ್ನೊಬ್ಬರದು ಅಪ್‌ಡೇಟ್ ಆದ ಮರುದಿನ ಕೆಟ್ಟಿತ್ತು, ಅವರು ಅಲ್ಲೇ 'ರೋಲ್ ಬ್ಯಾಕ್ ಡ್ರೈವರ್' ಒತ್ತಿ ಹಳೆಯದಕ್ಕೆ ಮರಳಿದರು. ಮೂರನೆಯವರಿಗೆ ರೀಡರೂ ಸರಿ, ಕಾರ್ಡೂ ಸರಿ, ಡ್ರೈವಿಗೆ ಡಿ, ಇ ಅನ್ನುವಂಥ ಅಕ್ಷರ ಮಾತ್ರ ಸಿಕ್ಕಿರಲಿಲ್ಲ. ಡಿಸ್ಕ್ ಮ್ಯಾನೇಜ್‌ಮೆಂಟಿನಲ್ಲಿ ಕಾರ್ಡ್ ಕಾಣುತ್ತಿತ್ತು, ಅದಕ್ಕೊಂದು ಅಕ್ಷರ ಕೊಟ್ಟ ಕೂಡಲೇ ತೆರೆಯಿತು. ಮೈಕ್ರೊ ಎಸ್‌ಡಿಯನ್ನು ದೊಡ್ಡ ಅಡಾಪ್ಟರಿನೊಳಗೆ ಹಾಕಿ ಬಳಸುವವರಿಗೆ ಅಡಾಪ್ಟರೇ ಸಡಿಲವಾಗಿರುತ್ತದೆ, ಬೇರೆ ಅಡಾಪ್ಟರ್ ಹಾಕಿ ನೋಡುವುದು ಒಳ್ಳೆಯದು.

ರೀಡರ್ ಸುಟ್ಟಿದೆ ಅಂತ ಯಾರಾದರೂ ಹೇಳಿದರೆ ಸುಮ್ನೆ ಒಪ್ಪಬೇಡಿ. ಪರೀಕ್ಷೆಗೆ ದಾರಿ ಇದೆ. ಉಬುಂಟು, ಅಂದರೆ ವಿಂಡೋಸಿನ ಬದಲು ಬಳಸುವ ಒಂದು ಲಿನಕ್ಸ್, ತುಂಬಿದ ಪೆನ್‌ಡ್ರೈವಿನಿಂದ ಲ್ಯಾಪ್‌ಟಾಪ್ ಶುರು ಮಾಡಿ, ಏನನ್ನೂ ಇನ್‌ಸ್ಟಾಲ್ ಮಾಡದೆ, ಕಾರ್ಡ್ ಹಾಕಿ ನೋಡಬಹುದು. ಸಾಮಾನ್ಯ ರೀಡರುಗಳ ಡ್ರೈವರ್ ಲಿನಕ್ಸಿನಲ್ಲೇ ಸೇರಿಕೊಂಡಿದೆ. ಅಲ್ಲಿ ಕಾರ್ಡ್ ಬಂತು ಅಂದರೆ ರೀಡರ್ ಸುಟ್ಟಿಲ್ಲ, ತೊಂದರೆ ವಿಂಡೋಸಿನ ಡ್ರೈವರಿನದು. ಅದು ಕಷ್ಟ ಅನ್ನುವವರು ಇನ್ನೂರು ಮುನ್ನೂರು ರೂಪಾಯಿಯ ಯುಎಸ್‌ಬಿ ಕಾರ್ಡ್ ರೀಡರ್ ತಂದು ಹಾಕಿ. ಅದಕ್ಕೆ ಬೇಕಾದ ಡ್ರೈವರ್ ವಿಂಡೋಸಿನಲ್ಲೇ ಇರುತ್ತದೆ. ನಾನು ಈಗ ಒಂದನ್ನು ತಂದು ಸಿಲಿಕಾ ಜೆಲ್ ಪೊಟ್ಟಣದ ಜೊತೆ ಡಬ್ಬಿಯಲ್ಲಿ ಮುಚ್ಚಿಟ್ಟಿದ್ದೇನೆ. ಅವತ್ತೇ ತಂದಿದ್ದರೆ ಆ ಎರಡು ದಿನದ ಸಂಕಟ ಇರುತ್ತಿರಲಿಲ್ಲ.

ಒಂದು ಎಚ್ಚರಿಕೆ. ಡ್ರೈವರ್ ಅಂತ ಇಂಟರ್‌ನೆಟ್ಟಿನಲ್ಲಿ ಹುಡುಕಿದರೆ ಮೊದಲು ಬರುವುದು ನಿಮ್ಮ ಲ್ಯಾಪ್‌ಟಾಪ್ ಕಂಪನಿಯ ಪುಟ ಆಗಿರುವುದಿಲ್ಲ. 'ಎಲ್ಲ ಡ್ರೈವರ್ ಒಂದೇ ಕ್ಲಿಕ್ಕಿನಲ್ಲಿ' ಅನ್ನುವ ಪ್ರೋಗ್ರಾಮುಗಳ ಜಾಹೀರಾತು ಬರುತ್ತದೆ. ನನ್ನ ಪರಿಚಯದವರೊಬ್ಬರು ಅಂಥದ್ದನ್ನು ಹಾಕಿದರು. ನಿಮ್ಮ ಕಂಪ್ಯೂಟರಿನಲ್ಲಿ ಇಷ್ಟೊಂದು ಡ್ರೈವರ್ ಹಳೆಯದಾಗಿದೆ ಅಂತ ಕೆಂಪು ಅಕ್ಷರದಲ್ಲಿ ಹೆದರಿಸಿತು, ಬ್ಯಾಂಕ್ ಕಾರ್ಡಿನಿಂದ ದುಡ್ಡು ಕಟ್ಟಿಸಿಕೊಂಡಿತು, ಮೆಮೊರಿ ಕಾರ್ಡ್ ಮಾತ್ರ ಬರಲಿಲ್ಲ, ಬ್ರೌಸರ್ ತುಂಬಾ ಜಾಹೀರಾತು ಬಂತು. ಡ್ರೈವರಿಗೆ ದುಡ್ಡು ಕೊಡಬೇಕಾಗಿಲ್ಲ. ಲ್ಯಾಪ್‌ಟಾಪ್ ಕಂಪನಿಯ ಪುಟ, ಇಲ್ಲವೇ ವಿಂಡೋಸ್ ಅಪ್‌ಡೇಟಿನ ಒಳಗೆ 'ಆಪ್ಷನಲ್ ಅಪ್‌ಡೇಟ್ಸ್', ಈ ಎರಡು ಜಾಗ ಬಿಟ್ಟು ಬೇರೆ ಕಡೆಯಿಂದ ತರಬೇಡಿ.

ಈ ವಿಷಯ ಈಗಲೇ ಬರೆಯಲು ಇನ್ನೊಂದು ಕಾರಣ ಇದೆ. 2025ರ ಅಕ್ಟೋಬರ್ 14ಕ್ಕೆ ಮೈಕ್ರೋಸಾಫ್ಟ್ ವಿಂಡೋಸ್ 10ಕ್ಕೆ ಬೆಂಬಲ ನಿಲ್ಲಿಸಿತು. ಹಳೆಯ ಲ್ಯಾಪ್‌ಟಾಪ್ ಇರುವವರು 11 ಹಾಕಿಸಿಕೊಳ್ಳಲು ಅಂಗಡಿಗೆ ಹೋಗುತ್ತಿದ್ದಾರೆ. ಹೋಗಲಿ, ತಪ್ಪಿಲ್ಲ. ಆದರೆ ಕೊಡುವ ಮೊದಲು ಒಂದು ಕೆಲಸ ಮಾಡಿ. ಸಿ ಡ್ರೈವಿನಲ್ಲಿ ವಿಂಡೋಸ್ ಫೋಲ್ಡರ್, ಅದರೊಳಗೆ ಸಿಸ್ಟಂ32, ಅದರೊಳಗೆ ಡ್ರೈವರ್‌ಸ್ಟೋರ್, ಅದರೊಳಗೆ ಫೈಲ್‌ರೆಪಾಸಿಟರಿ ಅಂತ ಒಂದು ಫೋಲ್ಡರ್ ಇದೆ. ಅದನ್ನು ಪೂರ್ತಿ ಒಂದು ಪೆನ್‌ಡ್ರೈವಿಗೆ ಕಾಪಿ ಮಾಡಿಟ್ಟುಕೊಳ್ಳಿ. ಹೊಸ ವಿಂಡೋಸ್ ಹಾಕಿದ ಮೇಲೆ ಎಲ್ಲಾದರೂ ಹಳದಿ ಗುರುತು ಕಂಡರೆ 'ಅಪ್‌ಡೇಟ್ ಡ್ರೈವರ್' ಒತ್ತಿ ಆ ಫೋಲ್ಡರ್ ತೋರಿಸಿ. ಹಳೆಯ ಡ್ರೈವರ್ ಎಷ್ಟೋ ಸಲ ಹೊಸ ವಿಂಡೋಸಿನಲ್ಲೂ ನಡೆಯುತ್ತದೆ. ಇಂಟರ್‌ನೆಟ್ ಕೂಡ ಬೇಡ.

ಅಂಗಡಿಯವರ ಮೇಲೆ ನನಗೆ ಸಿಟ್ಟಿಲ್ಲ, ಅವರಿಗೂ ದಿನಕ್ಕೆ ಹತ್ತು ಗಿರಾಕಿ. ಆದರೆ ಒಂದು ಮಾತು ಕೇಳಿಕೊಳ್ಳುತ್ತೇನೆ. ವಿಂಡೋಸ್ ಹಾಕಿಕೊಟ್ಟ ಮೇಲೆ ಗಿರಾಕಿಯ ಎದುರೇ ಡಿವೈಸ್ ಮ್ಯಾನೇಜರ್ ತೆರೆದು ತೋರಿಸಿ, ಎಲ್ಲೂ ಹಳದಿ ಇಲ್ಲ ಅಂತ. ಒಂದು ಕಾರ್ಡ್, ಒಂದು ಪೆನ್‌ಡ್ರೈವ್ ಹಾಕಿ ತೋರಿಸಿ. ಸ್ಪೀಕರ್, ಕ್ಯಾಮೆರಾ ನೋಡಿ. ಐದು ನಿಮಿಷ ಸಾಕು. ಗಿರಾಕಿಗಳೂ ಅದನ್ನು ಕೇಳಿ ಪಡೆಯಬೇಕು, ದುಡ್ಡು ಕೊಟ್ಟಿದ್ದೇವೆ ಅಲ್ವಾ. ಮಾಡಿದ ಕೆಲಸ ಅರ್ಧಕ್ಕೇ ನಿಂತು ಅಂಗಡಿಯವರು ಕೈ ಎತ್ತಿದರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915 ಇದೆ, ಅಲ್ಲಿ ದೂರು ಕೊಡಬಹುದು. ರಿಪೇರಿಯ ಹಕ್ಕಿನ ಬಗ್ಗೆ ಕೇಂದ್ರದ ಗ್ರಾಹಕ ವ್ಯವಹಾರ ಇಲಾಖೆ 2022ರ ಡಿಸೆಂಬರಿನಲ್ಲಿ ಒಂದು ಜಾಲತಾಣ ತೆರೆದಿದೆ. ಲ್ಯಾಪ್‌ಟಾಪ್ ಕಂಪನಿಗಳು ಹಳೆಯ ಮಾಡೆಲ್‌ಗಳ ಡ್ರೈವರುಗಳನ್ನು ತೆಗೆದುಹಾಕದೆ ಇಟ್ಟಿರಬೇಕು ಅನ್ನುವುದೂ ಆ ಹಕ್ಕಿನ ಭಾಗ ಆಗಬೇಕು ಅಂತ ನನ್ನ ಅಭಿಪ್ರಾಯ. ಯಂತ್ರ ಗಟ್ಟಿಯಾಗಿದ್ದು, ಒಂದು ಸಣ್ಣ ಫೈಲು ಸಿಗಲಿಲ್ಲ ಅಂತ ಅದನ್ನು ಗುಜರಿಗೆ ಹಾಕುವುದು ಅನ್ಯಾಯ.

ಮತ್ತೆ ನಿಮ್ಮ ಪತ್ರಿಕೆಯ ವಿಷಯ. ಈ ಎಚ್ಚರಿಕೆಗಳು ಪರದೆಯ ಮೇಲೆ ಬರುವುದು ಇಂಗ್ಲಿಷಿನಲ್ಲಿ. ಫಾರ್ಮ್ಯಾಟ್ ಅಂದರೆ ಕಾರ್ಡನ್ನು ಖಾಲಿ ಮಾಡುವುದು ಅಂತ ನಮ್ಮ ಎಷ್ಟೋ ಜನರಿಗೆ ಗೊತ್ತಿಲ್ಲ. ಏನೋ ರಿಪೇರಿ ಮಾಡುತ್ತದೆ ಅಂದುಕೊಂಡು ಯೆಸ್ ಒತ್ತುತ್ತಾರೆ. ನನ್ನ ಸ್ಟುಡಿಯೊಗೇ ಹಾಗೆ ಒತ್ತಿ ಬಂದವರಿದ್ದಾರೆ. ಒಬ್ಬ ತಾಯಿ ಮಗನ ಮೊದಲ ಹುಟ್ಟುಹಬ್ಬದ ಕಾರ್ಡ್ ತಂದಿದ್ದರು, ಕರವಸ್ತ್ರದಲ್ಲಿ ಸುತ್ತಿಕೊಂಡು. ಅದೃಷ್ಟಕ್ಕೆ ಒತ್ತಿದ ಮೇಲೆ ಕಾರ್ಡಿಗೆ ಬೇರೆ ಏನೂ ತುಂಬಿರಲಿಲ್ಲ. ಕ್ವಿಕ್ ಫಾರ್ಮ್ಯಾಟ್ ಆದಾಗ ಸಾಮಾನ್ಯವಾಗಿ ಹೋಗುವುದು ಪುಸ್ತಕದ ಪರಿವಿಡಿ ಮಾತ್ರ, ಪುಟಗಳು ಅಲ್ಲೇ ಇರುತ್ತವೆ. ಮೇಲೆ ಹೊಸದು ಬರೆದರೆ ಮುಗಿಯಿತು. ಫೋಟೊರೆಕ್ ಅನ್ನುವ ಉಚಿತ ಪ್ರೋಗ್ರಾಂ ಬಳಸಿ, ಸಿಕ್ಕಿದ್ದನ್ನು ಕಾರ್ಡಿಗೆ ಹಾಕದೆ ಬೇರೆ ಡಿಸ್ಕಿಗೆ ತೆಗೆದೆವು. ಹೆಚ್ಚಿನವು ಬಂದವು, ಎಲ್ಲ ಬರಲಿಲ್ಲ. ಕೇಕಿನ ಮುಂದೆ ಮಗು ನಗುವ ಫೋಟೊ ಅರ್ಧಕ್ಕೆ ಬೂದು ಬಣ್ಣ ತಿರುಗಿತ್ತು. ಅವರು ಅದನ್ನೂ ಪ್ರಿಂಟ್ ಹಾಕಿಸಿಕೊಂಡು ಹೋದರು.

ಹಾಗಾಗಿ ದಯವಿಟ್ಟು ಆ ಉತ್ತರವನ್ನು ಅದೇ ಪುಟದಲ್ಲಿ, ಅದೇ ಅಳತೆಯಲ್ಲಿ ತಿದ್ದಿ ಪ್ರಕಟಿಸಿ. ಸಾಧ್ಯವಾದರೆ ಕಂಪ್ಯೂಟರ್ ಕೇಳುವ ಇಂಥ ನಾಲ್ಕೈದು ಪ್ರಶ್ನೆಗಳ ಅರ್ಥವನ್ನು ಕನ್ನಡದಲ್ಲಿ ಒಂದು ಕಡೆ ಕೊಡಿ, ಜನ ಕತ್ತರಿಸಿ ಗೋಡೆಗೆ ಅಂಟಿಸಿಕೊಳ್ಳುತ್ತಾರೆ. ಅಂಗಡಿಯವರೂ ಅಂಟಿಸಿಕೊಳ್ಳಲಿ.

ಪ್ರಶ್ನೆ ಕೇಳಿದ ಆ ಓದುಗರಿಗೆ ಈ ಪತ್ರ ತಲುಪಿದರೆ, ಮತ್ತು ಅವರು ಇನ್ನೂ ಫಾರ್ಮ್ಯಾಟ್ ಮಾಡಿಲ್ಲವಾದರೆ, ಹೀಗೆ ಮಾಡಲಿ. ಕಾರ್ಡ್ ಹೊರಗೆ ತೆಗೆಯಿರಿ. ಅದರ ಪಕ್ಕದಲ್ಲಿ ಒಂದು ಸಣ್ಣ ಗುಂಡಿ ಇರುತ್ತದೆ, ಅದನ್ನು ಉಗುರಿನಿಂದ ಲಾಕ್ ಅಂತ ಬರೆದ ಕಡೆಗೆ ಸರಿಸಿ, ಆಗ ಯಾರೂ ಮರೆತು ಅಳಿಸಲು ಆಗುವುದಿಲ್ಲ. ಒಂದು ಕವರಿನಲ್ಲಿ ಹಾಕಿ, ಮೇಲೆ ಹೆಸರು ಬರೆದು, ಬೀರುವಿನಲ್ಲಿಡಿ. ಆಮೇಲೆ ಲ್ಯಾಪ್‌ಟಾಪ್ ತೆರೆದು ಹಳದಿ ಗುರುತು ಹುಡುಕಿ.

ಇಂತಿ ನಿಮ್ಮ ಓದುಗ,
ಒಬ್ಬ ಫೋಟೊ ಸ್ಟುಡಿಯೊದವ, ಸಾಗರ, ಶಿವಮೊಗ್ಗ ಜಿಲ್ಲೆ